ಹೊರಗಿನ ಕೋಣೆಯ ಇಟ್ಟಿಗೆ ಆಟ

ನಮ್ಮ ಮನೆಯ ಕಂಪ್ಯೂಟರು ಇದ್ದದ್ದು ಮುಟ್ಟಾದವರು ಕೂರುವ ಕೋಣೆಯಲ್ಲಿ. ಹೀಗೆ ಹೇಳಿದರೆ ನನ್ನ ಜೊತೆ ಕೆಲಸ ಮಾಡುವ ಟೀಚರುಗಳು ನಗುತ್ತಾರೆ, ಏನೋ ಕಟ್ಟಿ ಹೇಳುತ್ತಿದ್ದೇನೆ ಅಂದುಕೊಳ್ಳುತ್ತಾರೆ. ಕಟ್ಟಿ ಹೇಳಲು ನನಗೇನು ಧಾಡಿ! ಶೃಂಗೇರಿಯ ಪೇಟೆಬೀದಿಯಿಂದ ಹೊಳೆಯ ಕಡೆಗೆ ಇಳಿಯುವ ಓಣಿಯೊಂದರಲ್ಲಿ ನಮ್ಮ ಮನೆ. ಮುಂದಿನ ನಾಲ್ಕು ಕೋಣೆಗಳನ್ನು ಅಪ್ಪ ಯಾತ್ರಿಕರಿಗೆ ಬಾಡಿಗೆಗೆ ಕೊಡುತ್ತಿದ್ದ. ಹಿಂದಿನ ನಡುಮನೆ, ದೇವರಮನೆ, ಅಡಿಗೆಮನೆ ನಮ್ಮದು. ಜಗಲಿಯ ಎಡತುದಿಗೆ ಅಂಟಿಕೊಂಡು ಇನ್ನೊಂದು ಸಣ್ಣ ಕೋಣೆಯಿತ್ತು. ಅದಕ್ಕೆ ಮನೆಯ ಒಳಗಿನಿಂದ ದಾರಿಯಿರಲಿಲ್ಲ. ಜಗಲಿಯ ಕಡೆಗೊಂದು ಬಾಗಿಲು, ಬಚ್ಚಲಿನ ಕಡೆಗೊಂದು ಬಾಗಿಲು, ಅಷ್ಟೆ. ಅದನ್ನು ಎಲ್ಲರೂ ಹೊರಗಿನ ಕೋಣೆ ಎನ್ನುತ್ತಿದ್ದರು. ತಿಂಗಳಿಗೆ ಮೂರು ದಿನ ಅಮ್ಮ ಅಲ್ಲಿರಬೇಕು. ಅವಳಿಗೆ ಅಲ್ಲಿ ಒಂದು ಚಾಪೆ, ಒಂದು ಕಂಬಳಿ, ಬೇರೆಯೇ ಒಂದು ತಟ್ಟೆ, ಲೋಟ. ಆ ಮೂರು ದಿನ ಅವಳು ಮನೆಯ ಯಾವುದನ್ನೂ ಮುಟ್ಟುವಂತಿಲ್ಲ, ಅವಳನ್ನು ಯಾರೂ ಮುಟ್ಟುವಂತಿಲ್ಲ. ಊಟ ಬಡಿಸಿದ ತಟ್ಟೆಯನ್ನು ಹೊಸ್ತಿಲಿನ ಹತ್ತಿರ ಇಟ್ಟು, ಬೆರಳ ತುದಿಯಲ್ಲಿ ಒಳಗೆ ಜಾರಿಸಬೇಕು. ಯಾತ್ರಿಕರು ಬಂದು ತಿಂಡಿ ಕೇಳಿದರೆ ಅಪ್ಪ ಗಂಟಲು ಸರಿಮಾಡಿಕೊಂಡು "ಮನೆಯವರು ಹೊರಗಿದಾರೆ" ಅನ್ನುತ್ತಿದ್ದ. ಬಂದವರಿಗೂ ಅರ್ಥವಾಗುತ್ತಿತ್ತು, ಸುಮ್ಮನೆ ಹೋಟೆಲಿನ ದಾರಿ ಹಿಡಿಯುತ್ತಿದ್ದರು.

ಮಿಕ್ಕ ದಿನಗಳಲ್ಲಿ ಅಮ್ಮನಿಗೆ ಕೂರುವುದೆಂದರೆ ಏನೆಂದೇ ಗೊತ್ತಿರಲಿಲ್ಲ. ಬೆಳಕು ಹರಿಯುವ ಮೊದಲೇ ಸ್ನಾನ, ಮಡಿ, ಹಂಡೆಗೆ ಬೆಂಕಿ. ಬಾಡಿಗೆ ಕೋಣೆಗಳವರಿಗೆ ಕಾಫಿ, ಅವಲಕ್ಕಿಯೋ ಉಪ್ಪಿಟ್ಟೋ. ಅವರು ದೇವಸ್ಥಾನಕ್ಕೆ ಹೋದಮೇಲೆ ಅವರ ಹಾಸಿಗೆ ಹೊದಿಕೆ ಒಗೆಯುವುದು. ನಮಗೆ ಅನ್ನ, ಹುಳಿ, ಪಲ್ಯ. ಅಜ್ಜಿಗೆ ಬೇರೆ, ಖಾರ ಕಡಿಮೆ. ಅವಳು ಗೋಡೆಗೊರಗಿ ಕಾಲು ಚಾಚಿದ್ದನ್ನು ನಾನು ನೋಡಿದ್ದು ಆ ಹೊರಗಿನ ಕೋಣೆಯಲ್ಲಿ ಮಾತ್ರ. ಮೊದಲನೇ ದಿನವೆಲ್ಲ ಅವಳು ಮಲಗಿಯೇ ಇರುತ್ತಿದ್ದಳು, ಹೊಟ್ಟೆನೋವಿಗೋ ದಣಿವಿಗೋ ನಮಗೆ ತಿಳಿಯುತ್ತಿರಲಿಲ್ಲ. ಎರಡನೆಯ ದಿನ ಎದ್ದು ಕೂತು ಜಗಲಿಯನ್ನು ನೋಡುತ್ತಿದ್ದಳು. ಅಡಿಗೆಮನೆಯಲ್ಲಿ ಅಜ್ಜಿ ಪಾತ್ರೆ ಬಡಿದು ಗೊಣಗುವುದು ಕೇಳಿಸಿದರೂ ಎದ್ದು ಹೋಗುವಂತಿಲ್ಲ. ಅಜ್ಜಿಯ ಅಡಿಗೆಯೆಂದರೆ ಒಂದೆಲಗದ ತಂಬುಳಿ, ಅನ್ನ, ಸುಟ್ಟ ಹಪ್ಪಳ. ಅದೇ ನನಗೂ ಅಣ್ಣ ರಘುವಿಗೂ ಹಬ್ಬ, ಅಮ್ಮನ ಹುಳಿಯಿಂದ ಮೂರು ದಿನ ರಜೆ ಸಿಕ್ಕಿತಲ್ಲ ಎಂದು.

ಕಂಪ್ಯೂಟರನ್ನು ಅಪ್ಪ ತಂದದ್ದು ಕೊಪ್ಪದಿಂದ. ಅಲ್ಲಿ ಇಲಿಯಾಸಣ್ಣ ಎಂಬವನು ಕಂಪ್ಯೂಟರ್ ಕ್ಲಾಸು ನಡೆಸುತ್ತಿದ್ದ. ಹೊಸ ಮಿಷನ್ನುಗಳನ್ನು ತರಿಸಿ ಹಳೆಯವನ್ನು ಮಾರುತ್ತಿದ್ದ. ಮಕ್ಕಳು ಹಿಂದೆ ಬೀಳಬಾರದು ಎಂದು ಅಪ್ಪನ ಹಟ. ಬಸ್ಸಿನಲ್ಲಿ ಎರಡು ಸೀಟಿನ ಟಿಕೆಟ್ ಮಾಡಿಸಿ, ಕಿಟಕಿ ಪಕ್ಕ ಕಂಪ್ಯೂಟರನ್ನು ಕೂರಿಸಿ, ತಾನು ಈ ಕಡೆ ಅಂಚಿನಲ್ಲಿ ಕೂತು ಬಂದ. ಮನೆಗೆ ಬಂದಮೇಲೆ ಇಡುವುದು ಎಲ್ಲಿ? ಬಾಡಿಗೆ ಕೋಣೆಯೊಂದನ್ನು ಬಿಟ್ಟುಕೊಡಲು ಅಪ್ಪನಿಗೆ ಮನಸ್ಸಿಲ್ಲ. ನಡುಮನೆಯಲ್ಲಿ ಇಡಲು ಅಜ್ಜಿ ಬಿಡಲಿಲ್ಲ, ದೇವರಮನೆಯ ಗೋಡೆಗೆ ತಾಗುತ್ತದಂತೆ. ಇಸ್ತ್ರಿಪೆಟ್ಟಿಗೆಗೆಂದು ದೊಡ್ಡ ಪ್ಲಗ್ ಪಾಯಿಂಟ್ ಹಾಕಿಸಿದ್ದದ್ದು ಹೊರಗಿನ ಕೋಣೆಯಲ್ಲಿ. ಅಲ್ಲಿಗೇ ಹೋಯಿತು. ಇಂಟರ್‌ನೆಟ್ ಎಂಬ ಶಬ್ದವನ್ನು ಇಲಿಯಾಸಣ್ಣನ ಬೋರ್ಡಿನ ಮೇಲೆ ಓದಿದ್ದೆವು, ಅದು ನಮ್ಮ ಮನೆಯವರೆಗೆ ಬರಲಿಲ್ಲ. ಫೋನಿನ ವಯರನ್ನು ಕಂಪ್ಯೂಟರಿಗೆ ಸಿಕ್ಕಿಸಿದರೆ ಯಾತ್ರಿಕರು ಫೋನ್ ಮಾಡಿದಾಗ ಎಂಗೇಜ್ ಬರುತ್ತದೆ, ಗಿರಾಕಿ ಪಕ್ಕದ ಮನೆಗೆ ಹೋಗುತ್ತಾರೆ ಎಂದು ಅಪ್ಪ ಕಡ್ಡಿ ಮುರಿದ ಹಾಗೆ ಹೇಳಿಬಿಟ್ಟಿದ್ದ. ಹಾಗಾಗಿ ಆ ಮಿಷನ್ನಿಗೆ ನಮ್ಮ ಮನೆ ಬಿಟ್ಟು ಬೇರೆ ಪ್ರಪಂಚವಿರಲಿಲ್ಲ. ಅದರೊಳಗಿದ್ದದ್ದು ಇಸ್ಪೀಟಿನ ಆಟ, ಬಾಂಬು ಹುಡುಕುವ ಆಟ, ಮತ್ತೆ ಇಲಿಯಾಸಣ್ಣ ಫ್ಲಾಪಿಯಿಂದ ಹಾಕಿಕೊಟ್ಟ ಇನ್ನೊಂದು ಆಟ. ಮೇಲಿನಿಂದ ಬಗೆಬಗೆಯ ಇಟ್ಟಿಗೆಗಳು ಬೀಳುತ್ತವೆ; ತಿರುಗಿಸಿ, ಸರಿಸಿ, ಸಂದಿಲ್ಲದ ಹಾಗೆ ಕೂರಿಸಬೇಕು. ಒಂದು ಸಾಲು ಪೂರ್ತಿ ತುಂಬಿದರೆ ಅದು ಮಾಯ. ನಾವು ಅದಕ್ಕೆ ಇಟ್ಟಿಗೆ ಆಟ ಎಂದು ಹೆಸರಿಟ್ಟೆವು.

ಮಿಷನ್ನು ಬಂದ ವಾರದಲ್ಲೇ ಅಜ್ಜಿಯ ಕೋರ್ಟಿನಲ್ಲಿ ವಿಚಾರಣೆ ಆಯಿತು.

"ಅದಕ್ಕೆ ಮೈಲಿಗೆ ಆಗ್ತದಾ ಇಲ್ವಾ, ಅದು ಮೊದಲು ಹೇಳು."

"ಪ್ಲಾಸ್ಟಿಕ್ಕು ಅಮ್ಮಾ. ಅದಕ್ಕೆಂತ ಮೈಲಿಗೆ?" ಅಂದ ಅಪ್ಪ.

"ಮೇಲೆ ಹೊದೆಸಿದ ಬಟ್ಟೆ?"

ಧೂಳು ಬೀಳಬಾರದು ಎಂದು ಅಮ್ಮನೇ ಹಳೆಯ ಸೀರೆಯಲ್ಲಿ, ಅಂಚಿಗೆ ಝಾಲರಿ ಇಟ್ಟು ಒಂದು ಮುಸುಕು ಹೊಲಿದಿದ್ದಳು. ಬಟ್ಟೆಗೆ ಮೈಲಿಗೆ ಉಂಟು, ಪ್ಲಾಸ್ಟಿಕ್ಕಿಗೆ ಇಲ್ಲ ಎಂದು ತೀರ್ಪಾಯಿತು. ಅಂದರೆ, ಅಮ್ಮ ಹೊರಗೆ ಕೂರುವ ಮೊದಲು ಬೇರೆ ಯಾರಾದರೂ ಓಡಿಹೋಗಿ ಮುಸುಕು ತೆಗೆದು ಜಗಲಿಯ ಗೂಟಕ್ಕೆ ನೇತುಹಾಕಬೇಕು. ಬೆಳಿಗ್ಗೆ ಅಮ್ಮ ಬಚ್ಚಲಿನ ಹತ್ತಿರ ನಿಂತು "ಮುಸುಕು ತೆಗೀರೋ" ಎಂದು ಕೂಗಿದಳೆಂದರೆ ಅದೇ ಮನೆಗೆಲ್ಲ ಸುದ್ದಿ. ಇಷ್ಟಕ್ಕೆ ಮುಗಿದಿದ್ದರೆ ಚೆನ್ನಾಗಿತ್ತು. ಆದರೆ ಅಜ್ಜಿಗೆ ಒಳಗೊಳಗೇ ಅನುಮಾನ. ನಾಲ್ಕನೆಯ ದಿನ ಅಮ್ಮ ಮಿಂದು ಒಳಗೆ ಹೋದಮೇಲೆ, ಚಾಪೆ ತೊಳೆದು, ನೆಲ ಸಾರಿಸಿ, ಕೊನೆಗೆ ಪಂಚಪಾತ್ರೆಯ ನೀರಿನಲ್ಲಿ ತುಳಸಿದಳ ಅದ್ದಿ, ಕಂಪ್ಯೂಟರಿಗೂ ನಾಲ್ಕು ಸಲ ಚೆನ್ನಾಗಿಯೇ ಪ್ರೋಕ್ಷಣೆ ಮಾಡಿಬಿಟ್ಟಳು. ಶಾಲೆಯಿಂದ ಬಂದು ರಘು ಆಟಕ್ಕೆ ಕೂತರೆ ಕೀಬೋರ್ಡಿನ ಅರ್ಧ ಗುಂಡಿಗಳು ಸತ್ತಿವೆ. ಅವನು ಅತ್ತದ್ದು ಓಣಿಯ ಕೊನೆಯವರೆಗೂ ಕೇಳಿಸಿತು.

ಇಲಿಯಾಸಣ್ಣ ಕೊಪ್ಪದಿಂದ ಬಸ್ಸಿನಲ್ಲಿ ಬಂದ. ಕೀಬೋರ್ಡು ಬಿಚ್ಚಿ, ಒಳಗಿನಿಂದ ಏನನ್ನೋ ಎರಡು ಬೆರಳಲ್ಲಿ ಎತ್ತಿ ಹಿಡಿದ.

"ಇದೆಂತ ಭಟ್ರೇ, ತುಳಸಿ ಎಲೆ!"

ಅಪ್ಪ ತಲೆ ತಗ್ಗಿಸಿದ. ಅಜ್ಜಿ ಬಾಗಿಲ ಮರೆಯಿಂದಲೇ ಎಲ್ಲ ವಿವರಿಸಿದಳು, ಏನೂ ಮುಚ್ಚಿಡಲಿಲ್ಲ. ಇಲಿಯಾಸಣ್ಣ ನಗಲಿಲ್ಲ, ಮಹಾನುಭಾವ. ಎಲೆಯನ್ನು ಬದಿಗಿಟ್ಟು ಹೇಳಿದ:

"ಅಜ್ಜೀ, ಇದು ಕರೆಂಟಿನ ಸಾಮಾನು. ಇದಕ್ಕೆ ನೀರಿನ ಶುದ್ಧ ಆಗಿ ಬರೋದಿಲ್ಲ. ಹೊಗೆ ಶುದ್ಧ ಮಾಡಿ. ಊದಿನಕಡ್ಡಿ ಸಾಕು."

ಯಾವ ಶಾಸ್ತ್ರದಲ್ಲಿತ್ತೋ ಅದು! ಅಜ್ಜಿ ಮಾತ್ರ ತೃಪ್ತಳಾದಳು. "ನೋಡು, ತಿಳಿದವರು ಹೇಳ್ಬೇಕು" ಎಂದು ಅಪ್ಪನನ್ನೇ ಬೈದಳು. ಅಂದಿನಿಂದ ಪ್ರತಿ ನಾಲ್ಕನೆಯ ದಿನ ನಮ್ಮ ಕಂಪ್ಯೂಟರಿಗೆ ಊದಿನಕಡ್ಡಿ ಬೆಳಗಿ, ಆಮೇಲೆ ಮುಸುಕು ಹಾಕುವುದು ಪದ್ಧತಿಯಾಯಿತು.

ಆ ಮೂರು ದಿನ ರಘುವಿಗೂ ನನಗೂ ಆ ಕೋಣೆಗೆ ಪ್ರವೇಶವಿಲ್ಲ. ರಘು ಸಿಡಿಮಿಡಿಗೊಳ್ಳುತ್ತಿದ್ದ, "ತಿಂಗಳಿಗೆ ಮೂರು ದಿನ ಕಂಪ್ಯೂಟರೂ ಹೊರಗೆ" ಎಂದು. ಕೋಣೆಯಲ್ಲಿ ಉಳಿದವರು ಇಬ್ಬರೇ, ಅಮ್ಮ ಮತ್ತು ಅದು. ಒಂದು ಮಧ್ಯಾಹ್ನ ನಾನು ತಟ್ಟೆ ಜಾರಿಸಿ ಹೊಸ್ತಿಲಿನ ಈಚೆ ಕೂತಿದ್ದೆ. ಅಮ್ಮ ಉಂಡು, ತಟ್ಟೆ ತೊಳೆದಿಟ್ಟು, ಸೆರಗಿಗೆ ಕೈ ಒರೆಸಿಕೊಂಡು, ಆ ಕಪ್ಪು ಪರದೆಯನ್ನೇ ನೋಡುತ್ತ ನಿಂತಳು.

"ಕೂಸೇ, ಇದನ್ನು ಹಚ್ಚೋದು ಹೇಗೆ?"

ನಾನು ಒಳಗೆ ಹೋಗುವಂತಿಲ್ಲ. ಹೋದರೆ ಮೀಯಬೇಕು, ಬಟ್ಟೆ ನೆನೆಸಬೇಕು, ಅಜ್ಜಿಯ ಕೈಲಿ ಅನ್ನಿಸಿಕೊಳ್ಳಬೇಕು. ಹಾಗಾಗಿ ಹೊಸ್ತಿಲಲ್ಲೇ ಕೂತು ಬಾಯಲ್ಲೇ ಕಲಿಸಿದೆ. ಆ ಗುಂಡಿ ಒತ್ತು. ಅಲ್ಲ, ಅದರ ಕೆಳಗಿಂದು. ಎಡಕ್ಕೆ, ಎಡಕ್ಕೆ, ಇನ್ನೂ ಎಡಕ್ಕೆ, ಈಗ ತಿರುಗಿಸು, ಅಯ್ಯೋ ಬಿತ್ತು! ಅಮ್ಮ ಚಾಪೆಯ ಮೇಲೆ ಮೊಣಕಾಲೂರಿ, ಕೀಬೋರ್ಡನ್ನು ಸ್ಟೂಲಿನ ಮೇಲಿಟ್ಟುಕೊಂಡು, ನಾಲಿಗೆಯ ತುದಿ ಕಚ್ಚಿ ಆಡಿದಳು. ಮೊದಲ ಇಟ್ಟಿಗೆಗಳು ಹೇಗೆಂದರೆ ಹಾಗೆ ಬಿದ್ದವು. ಸಾಯಂಕಾಲದ ಹೊತ್ತಿಗೆ ಮೊದಲ ಸಾಲು ತುಂಬಿ ಮಾಯವಾಯಿತು. ಅಮ್ಮ ಸಣ್ಣ ಹುಡುಗಿಯ ಹಾಗೆ ಚಪ್ಪಾಳೆ ತಟ್ಟಿ, ಕೂಡಲೆ ಅಡಿಗೆಮನೆಯ ಕಡೆ ನೋಡಿ ಕೈ ಇಳಿಸಿದಳು.

ಕೆಲವು ತಿಂಗಳಲ್ಲಿ ಅವಳ ಕೈ ಎಷ್ಟು ಕುದುರಿತೆಂದರೆ, ನಾನು ಹೊಸ್ತಿಲಿಂದ ಹೇಳಿಕೊಡುವುದಿರಲಿ, ಕಣ್ಣಲ್ಲಿ ಹಿಂಬಾಲಿಸುವುದೂ ಕಷ್ಟವಾಯಿತು. ಇಟ್ಟಿಗೆ ಮೇಲೆ ಕಾಣಿಸುವ ಮುಂಚೆಯೇ ಅದರ ಜಾಗ ಅವಳಿಗೆ ಗೊತ್ತು. ಅಟ್ಟದ ಮೇಲೆ ಹಬ್ಬದ ಪಾತ್ರೆಗಳನ್ನು ಒಂದರೊಳಗೊಂದು ಕೂರಿಸಿ ಕೂರಿಸಿ ಬಂದ ಬುದ್ಧಿ ಅದು ಎಂದು ನನ್ನ ಗುಮಾನಿ. ಅವಳು ಮಾತ್ರ ಬೇರೆ ಹೇಳುತ್ತಿದ್ದಳು. ಅವಳ ತವರು ನರಸಿಂಹರಾಜಪುರ. ಅಲ್ಲಿ ಚೆನ್ನೆಮಣೆಯಲ್ಲಿ ಅವಳನ್ನು ಸೋಲಿಸಿದವರೇ ಇರಲಿಲ್ಲವಂತೆ. ಮದುವೆಯಾಗಿ ಬರುವಾಗ ಆ ಮಣೆಯನ್ನು ತರಬೇಕೆಂದು ಆಸೆಯಿತ್ತಂತೆ, ಸೊಸೆಯಾಗಿ ಹೋಗುವವಳು ಆಟದ ಮಣೆ ಹೊತ್ತುಕೊಂಡು ಹೋಗುತ್ತಾಳೆಯೇ ಎಂದು ನಕ್ಕರಂತೆ. ಒಂದು ದಿನ ನಾನು ಕೇಳಿದೆ:

"ಅಮ್ಮಾ, ಇದರಲ್ಲಿ ಎಂತ ಅಷ್ಟು ಖುಷಿ ನಿಂಗೆ?"

"ಒಳಗೂ ಇದೇ ಕೆಲಸ ಅಲ್ವೇನೇ? ತೊಳೆದು ಜೋಡಿಸಿದಷ್ಟೂ ಮತ್ತೆ ಬಂದು ಬೀಳ್ತದೆ," ಅಂದಳು, ಪರದೆಯಿಂದ ಕಣ್ಣು ತೆಗೆಯದೆ. "ಆದರೆ ಇಲ್ಲಿ ಅಂಕ ಕೊಡ್ತಾರೆ ಮಾರಾಯ್ತಿ."

ಆಟ ಮುಗಿದಾಗ ಹೆಚ್ಚು ಅಂಕ ಬಂದಿದ್ದರೆ ಅದು ಹೆಸರು ಕೇಳುತ್ತಿತ್ತು, ಹೆಸರುಗಳ ಪಟ್ಟಿಯನ್ನು ಇಟ್ಟುಕೊಳ್ಳುತ್ತಿತ್ತು. ಅದರಲ್ಲಿ ಮೇಲಿನಿಂದ ಕೆಳಗಿನವರೆಗೆ ರಘುವೇ ಇದ್ದ, ಕೆಳಗೆಲ್ಲೋ ನಾನು. ಒಂದು ನಾಲ್ಕನೆಯ ದಿನ, ಊದಿನಕಡ್ಡಿಯ ಹೊಗೆ ಆರುವ ಮೊದಲೇ ಒಳಗೆ ನುಗ್ಗಿದ ರಘು ಕಿರುಚಿಕೊಂಡ. ಪಟ್ಟಿಯ ತುದಿಯಲ್ಲಿ ಇಂಗ್ಲಿಷಿನಲ್ಲಿ 'ಶಾರದೆ' ಎಂದಿತ್ತು. ಅದರ ಕೆಳಗೂ ಶಾರದೆ, ಅದರ ಕೆಳಗೂ ಶಾರದೆ. ರಘುವಿನ ಹೆಸರು ತಳಕ್ಕಿಳಿದಿತ್ತು, ನನ್ನದು ಹೇಳಹೆಸರಿಲ್ಲದೆ ಹೋಗಿತ್ತು. ನಾನೇ ಏನೋ ಮೋಸ ಮಾಡಿದ್ದೇನೆಂದು ಅವನು ನನ್ನ ಜಡೆ ಹಿಡಿದ, ನಾನು ಅವನ ಕೈ ಕಚ್ಚಿದೆ. ಗಲಾಟೆ ಕೇಳಿ ಬಂದ ಅಪ್ಪ ಪರದೆ ನೋಡಿದವನೇ ಕೈಮುಗಿದುಬಿಟ್ಟ! ಶೃಂಗೇರಿಯಲ್ಲಿ ಶಾರದೆ ಅಂದರೆ ಮತ್ತೆ ಯಾರು?

"ಒಳ್ಳೇ ಬುದ್ಧಿ ಮಕ್ಳೇ. ಶುರುವಿಗೆ ಅಮ್ಮನವರ ಹೆಸರು ಬರೆದಿದೀರಿ. ಆದ್ರೆ ಒಂದು ಸಲ ಬರೆದ್ರೆ ಸಾಲದಾ?"

ಅಪ್ಪನ ಹಿಂದೆ ಜಗಲಿಯಲ್ಲಿ ಅಮ್ಮ ಸೆರಗನ್ನು ಬಾಯಿಗೆ ಒತ್ತಿಕೊಂಡು ನಿಂತಿದ್ದಳು. ನಗು ತಡೆಯಲಾರದೆ ಅವಳ ಭುಜ ಕುಣಿಯುತ್ತಿತ್ತು. ನನಗೆ ಆಗಲೂ ತಿಳಿಯಲಿಲ್ಲ, ಏಕೆಂದರೆ ಅಮ್ಮನ ಹೆಸರು ಸಾವಿತ್ರಿ. ಮುಂದಿನ ತಿಂಗಳು ಹೊಸ್ತಿಲ ಆಚೆಯಿಂದ ಅವಳು ಹೇಳಿದಳು: ಅವಳು ಹುಟ್ಟುವಾಗ ಇಟ್ಟ ಹೆಸರು ಶಾರದೆ. ಅಜ್ಜಿಯದೂ ಶಾರದೆ. ಅತ್ತೆಯ ಹೆಸರು ಹಿಡಿದು ಸೊಸೆಯನ್ನು ಬಾ ಹೋಗು ಅನ್ನುವುದು ಹೇಗೆ? ಮದುವೆಯ ದಿನವೇ ಅಕ್ಕಿಯ ಮೇಲೆ ಹೊಸ ಹೆಸರು ಬರೆಸಿದರು. ತವರಿನಲ್ಲಿ ಅವಳ ಅಪ್ಪ ಅಮ್ಮ ತೀರಿಹೋದಮೇಲೆ ಶಾರದೆ ಎಂದು ಕರೆಯುವವರು ಯಾರೂ ಉಳಿದಿರಲಿಲ್ಲ. ಹನ್ನೆರಡು ವರ್ಷದವಳಾಗುವವರೆಗೆ ನನ್ನ ಸ್ವಂತ ತಾಯಿಯ ಹೆಸರು ನನಗೆ ಗೊತ್ತಿರಲಿಲ್ಲ. ಕೊನೆಗೂ ಅದನ್ನು ತಿಳಿಸಿದ್ದು ಒಂದು ಇಟ್ಟಿಗೆ ಆಟ. ಅಪ್ಪನಿಗೆ ನಾವು ಹೇಳಲಿಲ್ಲ. ಅವನು ಆ ಕೋಣೆಗೆ ಬಂದಾಗಲೆಲ್ಲ ಪರದೆಗೆ ಕೈಮುಗಿಯುತ್ತಿದ್ದ, ನಾವು ಮೂವರೂ ಒಬ್ಬರ ಮುಖ ಒಬ್ಬರು ನೋಡುತ್ತಿದ್ದೆವು.

ಮುಂದೆ ನನ್ನ ಸರದಿಯೂ ಬಂತು. ನನಗೆ ಅವಮಾನವೋ ಸಿಟ್ಟೋ ಏನೋ, ಮೊದಲ ಸಲ ಗೋಡೆಗೆ ಮುಖ ಮಾಡಿ ಮಲಗಿದ್ದೆ. ಎರಡು ಮೂರು ತಿಂಗಳು ಕಳೆದಮೇಲೆ ಒಂದು ಸಲ ಅಮ್ಮನೂ ನಾನೂ ಒಟ್ಟಿಗೇ ಹೊರಗಾದೆವು. ಅಜ್ಜಿ ತಲೆಯ ಮೇಲೆ ಕೈಹೊತ್ತು ಕೂತಳು. ನಮ್ಮಿಬ್ಬರಿಗೋ, ಮೈಲಿಗೆಗೆ ಮೈಲಿಗೆ ತಾಗಿದರೆ ಆಗುವುದೇನು? ಅದುವರೆಗೆ ಆ ಕೋಣೆಯಲ್ಲಿ ಅಮ್ಮನನ್ನು ನಾನು ದೂರದಿಂದಲೇ ನೋಡಿದ್ದು. ಈಗ ಅವಳ ಕಂಬಳಿಯಲ್ಲಿ ತೂರಿಕೊಂಡೆ, ಅವಳ ತೊಡೆಗೆ ತಲೆ ಕೊಟ್ಟೆ, ಅವಳು ನನ್ನ ಜಡೆ ಬಿಚ್ಚಿ ಸಿಕ್ಕು ಬಿಡಿಸಿದಳು. ಆಮೇಲೆ ಇಬ್ಬರೂ ಸೇರಿ ಆಡಿದೆವು. ಇಟ್ಟಿಗೆ ಸರಿಸುವುದು ಅವಳು, ತಿರುಗಿಸುವುದು ನಾನು. ಮಾತಾಡದೆ ಆಡಬೇಕು ಎಂದು ಪಂದ್ಯ ಕಟ್ಟಿಕೊಂಡೆವು. ಅವಳ ಭುಜ ನನ್ನ ಭುಜಕ್ಕೆ ತಾಗಿಕೊಂಡಿತ್ತು. ಬೇಗ ತಿರುಗಿಸು ಎಂದು ಭುಜದಲ್ಲೇ ತಿವಿಯುತ್ತಿದ್ದಳು. ಕರೆಂಟು ಹೋದರೆ ಆದ ಅಂಕವೆಲ್ಲ ಹೊಳೆಪಾಲು. ಆಗ ಇಬ್ಬರೂ ಚಾಪೆಯ ಮೇಲೆ ಬಿದ್ದು ನಗುತ್ತಿದ್ದೆವು. ಒಳಗಿನಿಂದ ಯಾರೂ ಕರೆಯಲಿಲ್ಲ, ಕರೆಯುವ ಹಾಗೂ ಇರಲಿಲ್ಲ. ಅಮ್ಮನ ಜೊತೆ ನಾನು ಅಷ್ಟು ಹೊತ್ತು, ಅಷ್ಟು ಹತ್ತಿರ ಕೂತದ್ದು ಅದಕ್ಕೆ ಮುಂಚೆಯೂ ಇಲ್ಲ, ಆಮೇಲೂ ಇಲ್ಲ.

ಕೊಪ್ಪದ ಕಾಲೇಜಿಗೆ ಬಸ್ಸಿನಲ್ಲಿ ಹೋಗಿಬರಲು ಶುರುಮಾಡಿದ ಮೇಲೆ ನನಗೆ ಬಾಯಿ ಬಂತು. ಹೊರಗೆ ಕೂರುವುದು ಇನ್ನು ಸಾಧ್ಯವಿಲ್ಲ ಎಂದು ಒಂದು ಬೆಳಿಗ್ಗೆ ಸೀದಾ ಅಡಿಗೆಮನೆಗೆ ನಡೆದು, ಅಜ್ಜಿಯ ಮುಂದೆಯೇ ಕೊಡದಿಂದ ನೀರು ಬಗ್ಗಿಸಿಕೊಂಡು ಕುಡಿದೆ. ಮನೆ ರಣರಂಗವಾಯಿತು. ಅಜ್ಜಿ ಊಟ ಬಿಟ್ಟಳು, ನಾನೂ ಬಿಟ್ಟೆ. ಅಪ್ಪ ಇಬ್ಬರ ನಡುವೆ ಅಡಕತ್ತರಿಗೆ ಸಿಕ್ಕಿದ. ಇದು ನನಗೊಬ್ಬಳಿಗೆ ಅಲ್ಲ, ಅಮ್ಮನಿಗೂ ಸೇರಿದ ಮಾತು, ಅವಳನ್ನು ಪ್ರಾಣಿಯ ಹಾಗೆ ಹೊರಗೆ ಹಾಕುತ್ತೀರಲ್ಲ, ನಾಚಿಕೆಯಾಗುವುದಿಲ್ಲವೇ ಎಂದೆಲ್ಲ ಕೂಗಾಡಿದೆ. ಕಡೆಗೆ ಅಜ್ಜಿ ಸೋತದ್ದು ನನ್ನ ವಾದಕ್ಕಲ್ಲ, ಅವಳ ಮಂಡಿನೋವಿಗೆ. ಮೂರು ದಿನ ನಿಂತು ಅಡಿಗೆ ಮಾಡಲು ಅವಳಿಂದ ಆಗುತ್ತಿರಲಿಲ್ಲ.

"ಏನು ಬೇಕಾದ್ರೂ ಮಾಡ್ಕೊಳ್ಳಿ. ದೇವರಮನೆ ಒಂದು ಬಿಟ್ಟುಬಿಡಿ," ಅಂದಳು.

ನಾನು ಗೆದ್ದ ಸಂಭ್ರಮದಲ್ಲಿ ಅಮ್ಮನ ಹತ್ತಿರ ಓಡಿದೆ. ಅವಳಿಗೂ ಸಂತೋಷವೇ ಆಗಿತ್ತು. ಸುಳ್ಳು ಹೇಳುವುದಿಲ್ಲ, ನೆಲದ ಥಂಡಿಗೆ ಅವಳ ಸೊಂಟ ಹಿಡಿಯುತ್ತಿತ್ತು, ಹಬ್ಬದ ದಿನ ಹೊರಗಾದರೆ ಕಣ್ಣಲ್ಲಿ ನೀರು ಬರುತ್ತಿತ್ತು. "ಒಳ್ಳೇದಾಯ್ತು ಬಿಡು ಕೂಸೇ" ಎಂದು ನನ್ನ ಕೆನ್ನೆ ತಟ್ಟಿದಳು. ಆಮೇಲೆ ಕೇಳಿದಳು:

"ಹಾಗಾದ್ರೆ ಆಟ?"

"ಅಯ್ಯೋ ಅಮ್ಮಾ, ಇನ್ನು ಯಾವಾಗ ಬೇಕಾದ್ರೂ ಆಡಬಹುದಲ್ಲ!"

ಯಾವಾಗ ಬೇಕಾದರೂ! ಆ ಮಾತನ್ನು ಎಷ್ಟು ಸಲೀಸಾಗಿ ಅಂದೆ. ಮುಂದಿನ ತಿಂಗಳು ಮಧ್ಯಾಹ್ನ ಅಮ್ಮ ಒಂದು ಸಲ ಹೋಗಿ ಕೂತಳು. ಎರಡು ಸಾಲು ತುಂಬಿರಲಿಲ್ಲ, ಅಜ್ಜಿಗೆ ಬಿಸಿನೀರು ಬೇಕಾಯಿತು. ಬಂದು ಮತ್ತೆ ಕೂತಳು, ಯಾತ್ರಿಕರು ಬಾಗಿಲು ತಟ್ಟಿದರು. ಸಾವಿತ್ರೀ, ಸೌತೆಕಾಯಿ ಎಲ್ಲಿ? ಸಾವಿತ್ರೀ, ಹಾಲು ಉಕ್ತಾ ಇದೆ. ಅಮ್ಮಾ, ನನ್ನ ಕಾಲೇಜಿನ ಚೂಡಿದಾರ ಒಣಗಿತಾ? ಕರೆದವರಲ್ಲಿ ನಾನೂ ಇದ್ದೆ. ಅವಳು ಎದ್ದು ಹೋದಾಗ ಇಟ್ಟಿಗೆಗಳು ತಮ್ಮಷ್ಟಕ್ಕೆ ಬಿದ್ದು ಬಿದ್ದು ಪರದೆ ತುಂಬಿಹೋಗುತ್ತಿತ್ತು. ಆಟವನ್ನು ನಿಲ್ಲಿಸಿ ಹೋಗುವ ಗುಂಡಿಯೊಂದಿತ್ತು, ಅದನ್ನು ನಾನು ತೋರಿಸಿದ್ದೆ ಕೂಡ. "ನಿಲ್ಲಿಸಿ ನಿಲ್ಲಿಸಿ ಆಡೋದು ಆಟವಲ್ಲ ಮಾರಾಯ್ತಿ" ಅಂದಳು. ನಾಲ್ಕಾರು ಸಲ ಹೀಗಾದ ಮೇಲೆ ಅವಳು ಆ ಕಡೆ ಹೋಗುವುದನ್ನೇ ಬಿಟ್ಟಳು. ಯಾರೂ ಬೇಡ ಅಂದಿರಲಿಲ್ಲ. ಅವಳನ್ನು ನಾವು ಒಳಗೆ ಸೇರಿಸಿಕೊಂಡೆವು, ತಿಂಗಳ ಅಷ್ಟೂ ದಿನ ಅಡಿಗೆಮನೆಯಲ್ಲಿ ನಿಲ್ಲಿಸಿದೆವು. ಆ ಪದ್ಧತಿ ಹಾಳಾಗಿ ಹೋಗಲಿ, ಅದು ಹೋದದ್ದಕ್ಕೆ ನನಗೆ ಎಳ್ಳಷ್ಟೂ ಬೇಸರವಿಲ್ಲ. ನನ್ನ ಮಗಳನ್ನು ಯಾರಾದರೂ ಹೊರಗೆ ಕೂರಿಸಲಿ, ನೋಡುತ್ತೇನೆ. ನನ್ನ ಬೇಸರ ಬೇರೆ. ಮೈಲಿಗೆ ಎಂದು ಸಿಗುತ್ತಿದ್ದ ಬಿಡುವನ್ನು ಮನುಷ್ಯಳು ಎಂದು ಕೊಡಬೇಕೆಂದು ಆ ಮನೆಯಲ್ಲಿ ಒಬ್ಬರಿಗೂ ಹೊಳೆಯಲಿಲ್ಲ. ಅಷ್ಟೆಲ್ಲ ಭಾಷಣ ಮಾಡಿದ ನನಗೂ ಹೊಳೆಯಲಿಲ್ಲ.

ಕಂಪ್ಯೂಟರು ಕೆಲವು ವರ್ಷ ಮುಸುಕಿನಡಿಯೇ ಇತ್ತು. ಆಮೇಲೆ ಒಂದು ದಿನ ಹಚ್ಚಿದರೆ ಪರದೆ ಬೆಳಗಲಿಲ್ಲ. ಇಲಿಯಾಸಣ್ಣ ಆ ಹೊತ್ತಿಗೆ ಕ್ಲಾಸು ಮುಚ್ಚಿ ಮೊಬೈಲ್ ಅಂಗಡಿ ಇಟ್ಟಿದ್ದ. ಇದನ್ನು ರಿಪೇರಿ ಮಾಡುವುದಕ್ಕಿಂತ ಗುಜರಿಗೆ ಹಾಕುವುದು ಮೇಲು ಎಂದ. ರಘು ಹಾಗೇ ಮಾಡಿದ. ನೆಟ್ಟಿಗೆ ಸಿಕ್ಕಿಸಿದ ಮಿಷನ್ನಾಗಿದ್ದರೆ ಆ ಹೆಸರುಗಳ ಪಟ್ಟಿ ಎಲ್ಲಾದರೂ ಉಳಿದಿರುತ್ತಿತ್ತೋ ಏನೋ. ಅದು ಇದ್ದದ್ದು ಆ ಒಂದು ಪೆಟ್ಟಿಗೆಯಲ್ಲಿ ಮಾತ್ರ, ಪೆಟ್ಟಿಗೆಯ ಜೊತೆ ಶಾರದೆಯೂ ಗುಜರಿಗೆ ಹೋದಳು. ನಾನು ಆಗ ಮದುವೆಯಾಗಿ ಕೊಪ್ಪದಲ್ಲಿದ್ದೆ. ಸುದ್ದಿ ತಿಳಿದದ್ದು ಅಮ್ಮ ಫೋನಿನಲ್ಲಿ ಬೇರೇನೋ ಹೇಳುತ್ತ ನಡುವೆ ಹೇಳಿದಾಗ. ಹೊರಗಿನ ಕೋಣೆಗೆ ಟೈಲ್ಸು, ಮಂಚ, ಟಿ.ವಿ. ಬಂದು ಅದು ಯಾತ್ರಿಕರ ಐದನೆಯ ಕೋಣೆಯಾಯಿತು.

ಹೋದ ತಿಂಗಳು ಒಂದು ಭಾನುವಾರ ಶೃಂಗೇರಿಗೆ ಹೋಗಿದ್ದೆ. ಅಜ್ಜಿ ಹೋಗಿ ಬಹಳ ವರ್ಷವಾಯಿತು. ಈಗ ಕೋಣೆಗಳ ವಹಿವಾಟೆಲ್ಲ ರಘುವಿನದು. ಅವನೂ ಅತ್ತಿಗೆಯೂ ಬಾಳೆಹೊನ್ನೂರಿಗೆ ಮದುವೆಗೆ ಹೋಗಿದ್ದರು. ಅಮ್ಮ ಐದನೆಯ ಕೋಣೆಯಲ್ಲಿ ಹಾಸಿಗೆಯ ಹೊದಿಕೆ ಬದಲಿಸುತ್ತಿದ್ದಳು. ಅರವತ್ತು ದಾಟಿದೆ, ಕೈ ನಿಲ್ಲಿಸು ಅಂದರೆ ಕೇಳುವುದಿಲ್ಲ. ಅವಳನ್ನು ಹಿಡಿದು ಮಂಚದ ಮೇಲೆ ಕೂರಿಸಿ, ನನ್ನ ಫೋನಿಗೆ ಹಾಕಿಸಿಕೊಂಡಿದ್ದ ಇಟ್ಟಿಗೆ ಆಟವನ್ನು ತೆರೆದು ಕೈಗೆ ಕೊಟ್ಟೆ. ಅವಳು ಕನ್ನಡಕ ಸರಿಮಾಡಿಕೊಂಡು ನೋಡಿದಳು. ಗುರುತು ಹತ್ತಿತು. ಬೆರಳು ಒರೆಸಿಕೊಂಡು ಶುರುಮಾಡಿದಳು. ಎರಡು ಇಟ್ಟಿಗೆ ಕೂರಿಸುವಷ್ಟರಲ್ಲಿ ಸೀರೆಯಂಗಡಿಯ ಜಾಹೀರಾತು ಪರದೆ ತುಂಬ ಬಂತು. ಅದನ್ನು ಮುಚ್ಚಿಕೊಟ್ಟರೆ ಶಾಲೆಯ ಗ್ರೂಪಿನಿಂದ ಮೆಸೇಜು. ಆಮೇಲೆ ನನ್ನ ಗಂಡನ ಫೋನು.

"ಇದರಲ್ಲೂ ಕರೀತಾನೇ ಇರ್ತಾರಲ್ಲೇ," ಎಂದು ಅಮ್ಮ ಫೋನನ್ನು ನನಗೇ ಚಾಚಿದಳು. "ಬೇಡ ತಗೋ."

ನಾನು ಅದರ ನೆಟ್ಟನ್ನೂ ಕಾಲನ್ನೂ ಎಲ್ಲ ಬಂದ್ ಮಾಡಿದೆ, ವಿಮಾನದ ಗುರುತು ಬಂತು. ಈಗ ಅದಕ್ಕೂ ನಮ್ಮ ಹಳೆಯ ಮಿಷನ್ನಿನ ಹಾಗೆ ಹೊರಗಿನ ಪ್ರಪಂಚವಿಲ್ಲ. ಮತ್ತೆ ಕೊಟ್ಟೆ. ಮೊದಲು ಬೆರಳು ತಪ್ಪಿತು, ಎರಡು ಸಲ ಸೋತಳು. ಮೂರನೆಯ ಸಲ ನಾಲಿಗೆಯ ತುದಿ ಹಲ್ಲಿನ ನಡುವೆ ಬಂತು. ಇಟ್ಟಿಗೆಗಳು ಹೇಳಿದ ಮಾತು ಕೇಳತೊಡಗಿದವು. ನಾನು ಪಕ್ಕದಲ್ಲಿ ಕೂತಿದ್ದೆ. ಆಗ ನಡುಮನೆಯಿಂದ ಅಪ್ಪನ ದನಿ ಬಂತು:

"ಸಾವಿತ್ರೀ, ಕಾಫಿ ಆಗ್ತದಾ?"

ಅಮ್ಮ ಏಳುತ್ತಾಳೆ ಎಂದುಕೊಂಡೆ. ನಾನೇ ಹೋಗುತ್ತೇನೆ ಅನ್ನಲು ಬಾಯಿ ತೆರೆದೆ. ಅವಳು ತಲೆ ಎತ್ತಲಿಲ್ಲ.

"ನಾನು ಹೊರಗಿದೀನಿ ಅಂತ ಹೇಳು."

ನನಗೆ ಮೊದಲು ನಗು ಬಂತು. ಅವಳ ಮುಖ ನೋಡಿದೆ, ಅಲ್ಲಿ ನಗುವಿರಲಿಲ್ಲ. ಇಷ್ಟು ವರ್ಷದ ಮೇಲೆ, ಮುಟ್ಟೇ ನಿಂತುಹೋದ ಮೇಲೆ, ಒಂದು ಗಳಿಗೆ ಕೂರಬೇಕಾದರೆ ಅವಳ ಹತ್ತಿರ ಇದ್ದದ್ದು ಆ ಒಂದೇ ಮಾತು. ಬೇರೆ ಮಾತನ್ನು ನಾವು ಯಾರೂ ಅವಳಿಗೆ ಕೊಟ್ಟಿರಲಿಲ್ಲ. ನಡುಮನೆಗೆ ಹೋಗಿ ಅಪ್ಪನಿಗೆ ಹಾಗೆಯೇ ಹೇಳಿದೆ. ಅಪ್ಪ ನನ್ನ ಮುಖ ನೋಡಿದ. ಅಭ್ಯಾಸಬಲ, ಗೋಡೆಯ ಕ್ಯಾಲೆಂಡರಿನ ಕಡೆಗೂ ಒಮ್ಮೆ ನೋಡಿದ. ಗಂಟಲು ಸರಿಮಾಡಿಕೊಂಡ. ನಾನು ಮಾಡುತ್ತೇನೆ ಅಂದರೂ ಕೇಳದೆ ತಾನೇ ಅಡಿಗೆಮನೆಗೆ ಹೋಗಿ ಹಾಲು ಕಾಯಿಸಿದ, ಕಾಫಿ ಬೆರೆಸಿದ, ಲೋಟವನ್ನು ಅಂಚಿನಲ್ಲಿ ಹಿಡಿದು ಜಗಲಿಗೆ ತಂದ. ಕೋಣೆಯ ಹೊಸ್ತಿಲಿನ ಹತ್ತಿರ ಬಗ್ಗಿ ಲೋಟ ಇಟ್ಟು, ಬೆರಳ ತುದಿಯಲ್ಲಿ ಒಳಗೆ ಜಾರಿಸಿದ.

ಕಾಲೇಜಿಗೆ ಹೋಗುತ್ತಿದ್ದಾಗ ನಾನು ಇದನ್ನು ನೋಡಿದ್ದರೆ ಸೂರು ಹಾರಿಹೋಗುವ ಹಾಗೆ ಕೂಗುತ್ತಿದ್ದೆ. ಈಗ ಜಗಲಿಯಲ್ಲೇ ನಿಂತು ನೋಡಿದೆ. ಅಮ್ಮ ಲೋಟದ ಕಡೆ ನೋಡಲಿಲ್ಲ. ಅವಳ ಸಾಲು ತುಂಬುತ್ತ ಬಂದಿತ್ತು.